ಗೂಳಮ್ಮನಿಗೂ ಕೆರೆಗೂ ಏನು ಸಂಬಂಧ?

ಊರ ಕೆರೆಯಂಗಳವನ್ನು ಸರ್ಕಾರ ಪಟ್ಟಣದ ಕ್ಲಬ್ಬೊಂದಕ್ಕೆ ಕೊಟ್ಟುಬಿಟ್ಟಿತು. ಸುತ್ತ ತಂತಿಬೇಲಿ ಬಿತ್ತು. ಮಡಕೆ ಮಾಡಿ ಬದುಕುತ್ತಿದ್ದ ಗೂಳಮ್ಮನಿಗೆ ಕೆರೆಯ ಮಣ್ಣು ಸಿಗದೆ ತಿಗರಿ ಚಕ್ರ ನಿಂತಿತು. ಗಲಾಟೆ ಯಾಕೆ ಅಂತ ಊರವರು ಸುಮ್ಮನಾದರು. ಅವಳೊಬ್ಬಳೇ ಅರ್ಜಿ ಹಾಕಿ ಕೋರ್ಟಿಗೆ ಹೋಗಿ ನಿಂತಳು.

ಸರ್ಕಾರಿ ವಕೀಲ ಚಂದ್ರಮೌಳಿ ಕೋಟು ಸರಿಮಾಡಿಕೊಂಡು ಎದ್ದರು. “ಮಹಾಸ್ವಾಮಿ, ಅಲ್ಲಿ ಈಕೆಗೆ ಗೇಣು ಜಮೀನಿಲ್ಲ. ಆ ಕೆರೆಗೂ ಈಕೆಗೂ ಯಾವ ಸಂಬಂಧವೂ ಇಲ್ಲ. ಸಂಬಂಧವಿಲ್ಲದವರು ಸರ್ಕಾರವನ್ನು ಪ್ರಶ್ನಿಸುವ ಹಾಗಿಲ್ಲ. ಅರ್ಜಿ ವಜಾ ಮಾಡಬೇಕು.”

ನ್ಯಾಯಾಧೀಶರು ಗೂಳಮ್ಮನ ಕಡೆ ತಿರುಗಿದರು. “ಏನಮ್ಮಾ ಹೇಳ್ತೀಯ?”

ಅವಳು ಮೆಲ್ಲಗೆ ಕೇಳಿದಳು: “ಹಾಗಾದ್ರೆ ಬುದ್ಧೀ, ನಮ್ಮ ಮನೆಯವರು ಆ ಕೆರೆ ಮಣ್ಣನ್ನ ಮುಟ್ಟೇ ಇಲ್ಲ ಅಂತಾರಾ ವಕೀಲರು?”

ಚಂದ್ರಮೌಳಿ ಸಿಡಿದೆದ್ದರು. “ಮುಟ್ಟೇ ಇಲ್ವಾ? ಇವಳ ಅಜ್ಜನ ಕಾಲದಿಂದ ಅಲ್ಲೇ ಅಗೀತಿದ್ದಾರೆ! ಇವರ ಮನೆ ಒಲೆ ಉರಿಯೋದೇ ಆ ಮಣ್ಣಿನಿಂದ. ಬೇಕಾದ್ರೆ ಗುಂಡಿಗಳನ್ನ ತೋರಿಸ್ತೀನಿ!”

ಹಿಂದೆ ಯಾರೋ ಕಿಸಕ್ಕನೆ ನಕ್ಕರು. ನ್ಯಾಯಾಧೀಶರು ಕನ್ನಡಕ ತೆಗೆದರು. “ಇದಕ್ಕಿಂತ ಸಂಬಂಧ ಇನ್ನೇನು ಬೇಕು, ಚಂದ್ರಮೌಳಿಯವರೇ?”

ಅರ್ಜಿ ವಿಚಾರಣೆಗೆ ಅಂಗೀಕಾರವಾಯಿತು. ತೀರ್ಪು ಬರುವ ತನಕ ಅವಳು ಮಣ್ಣು ತೆಗೆಯುವುದನ್ನು ಯಾರೂ ತಡೆಯಕೂಡದೆಂದು ಆಜ್ಞೆಯಾಯಿತು.

ಹೊರಗೆ ಬಂದ ವಕೀಲರು ಬುಸುಗುಟ್ಟಿದರು. “ನನ್ನನ್ನೇ ಸಿಕ್ಕಿಸಿದೆಯಲ್ಲ!”

“ಎಲ್ಲಾದ್ರೂ ಉಂಟೇ ಸ್ವಾಮಿ!” ಗೂಳಮ್ಮ ಕೈಮುಗಿದಳು. “ನನ್ನ ಪರ ವಾದ ಮಾಡೋರು ಯಾರೂ ಇಲ್ವಲ್ಲ ಅಂತ ಹೆದರಿದ್ದೆ. ನಿಮ್ಮ ಉಪಕಾರ ಮರೆಯಲ್ಲ.”