ಸರದಿಯ ಕೊನೆಯವನು

"ಗುರುಗಳೇ, ಸಭೆಯಲ್ಲಿ ಎಲ್ಲರೂ ಮಾತಾಡಿ ಮುಗಿಸುವವರೆಗೆ ಸುಮ್ಮನಿದ್ದು, ಕೊನೆಗೆ ತನ್ನ ಮಾತು ಹೇಳುವುದು ವಿವೇಕವಲ್ಲವೇ?" ಎಂದು ಶಿಷ್ಯ ಕೇಳಿದ.

ಗುರುಗಳು ಒಂದು ಕತೆ ಹೇಳಿದರು.

ಅಮೆರಿಕಾ ದೇಶದಲ್ಲಿ, ರೈಲು ಇನ್ನೂ ಎಲ್ಲ ಕಡೆಗೆ ಮುಟ್ಟಿರದ ಕಾಲದಲ್ಲಿ, ನದಿ ದಂಡೆಯ ಒಂದು ಊರಿನಲ್ಲಿ ಯಾರ್ನಲ್ ಎಂಬ ವಕೀಲನಿದ್ದ. ಕಾಲೇಜು ಕಂಡವನಲ್ಲ. ಆಗಿನ ಪದ್ಧತಿಯಂತೆ ಒಬ್ಬ ಹಿರಿಯ ವಕೀಲನ ಕಚೇರಿಯಲ್ಲಿ ಕಸ ಗುಡಿಸಿ, ಒಲೆಗೆ ಸೌದೆ ಹಾಕಿ, ಅಲ್ಲೇ ಕೂತು ಕಾನೂನು ಓದಿಕೊಂಡವನು. ನ್ಯಾಯಾಧೀಶ ಕುದುರೆಯೇರಿ ಊರಿಂದೂರಿಗೆ ಹೋಗಿ ಕೋರ್ಟು ನಡೆಸುತ್ತಿದ್ದ. ವಕೀಲರೂ ಅವನ ಹಿಂದೆಯೇ ಕುದುರೆಯೇರಿ ಹೊರಡುತ್ತಿದ್ದರು. ಆ ಓಡಾಟದಲ್ಲಿ ಯಾರ್ನಲ್ ಒಂದು ವಿದ್ಯೆ ಕಲಿತ. ಎದುರಾಳಿ ತನ್ನಲ್ಲಿರುವುದನ್ನೆಲ್ಲ ಹೊರಗೆ ಹಾಕುವವರೆಗೆ ಬಾಯಿ ಬಿಡಬಾರದು, ಅಷ್ಟೇ. ಆ ವಿದ್ಯೆಯಿಂದ ಬಹಳ ಮೊಕದ್ದಮೆ ಗೆದ್ದ. ಹೆಸರು ಬಂತು. ಊರವರು ಅವನನ್ನು ರಾಜ್ಯದ ಶಾಸನಸಭೆಗೆ ಆರಿಸಿ ಕಳಿಸಿದರು.

ಸಭೆಯಲ್ಲಿ ಮತ ಹಾಕುವುದು ಗುಟ್ಟಾಗಿ ಅಲ್ಲ. ಗುಮಾಸ್ತ ಒಬ್ಬೊಬ್ಬರ ಹೆಸರು ಕೂಗುತ್ತಾನೆ. ಕೂಗಿಸಿಕೊಂಡವನು ಎದ್ದು, ಎಲ್ಲರಿಗೂ ಕೇಳುವಂತೆ 'ಹೌದು' ಅಥವಾ 'ಇಲ್ಲ' ಅನ್ನಬೇಕು. ಬೇಕಾದರೆ ಎರಡು ಮಾತಿನಲ್ಲಿ ಕಾರಣವನ್ನೂ ಹೇಳಬಹುದು. ಒಮ್ಮೆ ಹೇಳಿದ್ದನ್ನು ಬದಲಿಸುವಂತಿಲ್ಲ. ಹೆಸರು ಕೂಗುವುದು ಇಂಗ್ಲಿಷ್ ಅಕ್ಷರಗಳ ಕ್ರಮದಲ್ಲಿ. ಆ ಕ್ರಮದಲ್ಲಿ 'ವೈ' ಅಕ್ಷರದ ಯಾರ್ನಲ್ ಎಲ್ಲರಿಗಿಂತ ಕೊನೆ. ಅವನ ಸರದಿ ಬರುವ ಹೊತ್ತಿಗೆ ಸೋಲು ಗೆಲುವು ಇತ್ಯರ್ಥವಾಗಿಬಿಟ್ಟಿರುತ್ತಿತ್ತು. ಗೆದ್ದ ಕಡೆಗೆ ತನ್ನದೂ ಒಂದನ್ನು ಸೇರಿಸಿ ಕೂತುಬಿಡುತ್ತಿದ್ದ. ಯಾರ ನಿಷ್ಠುರವೂ ಇಲ್ಲದೆ ವರ್ಷಗಳು ಕಳೆದವು. ಎಂಥ ತೂಕದ ಮನುಷ್ಯ ಎಂದು ಜನ ಹೇಳುತ್ತಿದ್ದರು. ಅವನೂ ಅದನ್ನು ನಂಬಿದ್ದ.

ಹೀಗಿರುವಾಗ ಊರಿನ ಹಿಟ್ಟಿನ ಗಿರಣಿಗೆ ಬೆಂಕಿ ಬಿತ್ತು. ಒಳಗಿದ್ದ ಕಾವಲುಗಾರ ಸತ್ತ. ಗಿರಣಿಯ ಯಜಮಾನನೊಡನೆ ಜಗಳವಾಡಿದ್ದ ಒಬ್ಬ ಬಿಳಿಯ ದೋಣಿಗಾರನನ್ನು ಬೆಂಕಿ ಇಟ್ಟವನೆಂದು ಹಿಡಿದರು. ಯಾರ್ನಲ್ ಅವನ ವಕೀಲನಾದ. ಬೆಂಕಿ ಬಿದ್ದಾಗ ದೋಣಿಗಾರ ಆಚೆ ದಡದಲ್ಲಿದ್ದ. ಅದನ್ನು ಕಂಡವಳು ಬಟ್ಟೆ ಒಗೆಯುವ ಒಬ್ಬ ಕಪ್ಪು ಹೆಂಗಸು. ಅವಳು ಯಾರ್ನಲ್ ಮುಂದೆ ಎಲ್ಲವನ್ನೂ ಹೇಳಿದಳು. ಒಂದು ಮಾತೂ ಸುಳ್ಳಲ್ಲವೆಂದು ಅವನಿಗೆ ಖಾತ್ರಿಯಾಯಿತು. ಆದರೆ ಬಿಳಿಯರ ಮೊಕದ್ದಮೆಯಲ್ಲಿ ಕಪ್ಪು ಜನ ಸಾಕ್ಷಿ ಹೇಳುವಂತಿಲ್ಲವೆಂದು ಆ ರಾಜ್ಯದಲ್ಲಿ ಕಾನೂನೇ ಇತ್ತು. ಕೋರ್ಟು ಅವಳನ್ನು ಬಾಗಿಲಲ್ಲೇ ತಡೆಯಿತು. ದೋಣಿಗಾರನಿಗೆ ನೇಣು ಎಂದು ತೀರ್ಪಾಯಿತು.

ನೇಣು ತಪ್ಪಿಸುವ ಅಧಿಕಾರ ಆ ರಾಜ್ಯದಲ್ಲಿ ಶಾಸನಸಭೆಗೆ ಮಾತ್ರ ಇತ್ತು. ಯಾರ್ನಲ್ ಜೈಲಿಗೆ ಹೋಗಿ ಅದನ್ನು ತಿಳಿಸಿದ.

"ಹಾಗಾದರೆ ಬಚಾವಾದೆ ಅನ್ನಿ," ಎಂದ ದೋಣಿಗಾರ. "ಕೋರ್ಟಲ್ಲಿ ಆಕೆಯ ಮಾತು ನಡೆಯಲಿಲ್ಲ. ಸಭೆಯಲ್ಲಿ ನಿಮ್ಮ ಮಾತು ನಡೆಯುತ್ತದಲ್ಲ ವಕೀಲರೇ."

"ಅಲ್ಲಿ ಬಹಳ ಜನ ಇದ್ದಾರಪ್ಪ."

"ಇರಲಿ ಬಿಡಿ. ಅವರಿಗೇನು ಗೊತ್ತು? ನಿಮಗೆ ಗೊತ್ತಲ್ಲ."

ಆದರೆ ಯಾರ್ನಲ್‌ಗೆ ಊರಿನ ಅಂಜಿಕೆ ಇತ್ತು. ಗಿರಣಿಯ ಯಜಮಾನ ಚರ್ಚಿನ ಮೆಟ್ಟಿಲ ಮೇಲೆ ಅವನ ತೋಳು ಹಿಡಿದು, "ಮುಂದಿನ ಸಲ ಮೇಲ್ಮನೆಗೆ ನಿಮ್ಮನ್ನೇ ನಿಲ್ಲಿಸಬೇಕು ಅಂತ ಮಾತಾಡಿಕೊಂಡಿದ್ದೇವೆ. ನೋಡಿಕೊಂಡು ನಡೆಯಿರಿ," ಅಂದಿದ್ದ. ಊರಿಗೆ ಊರೇ ನೇಣು ಬೇಕೆನ್ನುತ್ತಿತ್ತು. ಯಾರ್ನಲ್ ತನಗೆ ತಾನೇ ಸಮಾಧಾನ ಹೇಳಿಕೊಂಡ. ಸಭೆಯಲ್ಲಿ ಒಳ್ಳೆಯವರು ಬೇಕಾದಷ್ಟಿದ್ದಾರೆ. ನನ್ನ ಸರದಿ ಬರುವಷ್ಟರಲ್ಲಿ ಅವನು ಉಳಿದಿರುತ್ತಾನೆ. ಆಮೇಲೆ ನಾನೂ ಹೌದು ಅಂದರೆ ಯಾರೂ ನನ್ನೊಬ್ಬನನ್ನೇ ದೂರುವುದಿಲ್ಲ. ದಾರಿಯುದ್ದಕ್ಕೂ ಕುದುರೆಯ ಮೇಲೆ ಕೂತು ಸದಸ್ಯರ ಹೆಸರುಗಳನ್ನು ಗೊಣಗುತ್ತಾ, ಇವನು ಹೌದು, ಅವನು ಇಲ್ಲ ಎಂದು ಹಂಚುತ್ತಲೇ ಹೋದ. ಲೆಕ್ಕ ಒಮ್ಮೆ ಬಂದಂತೆ ಇನ್ನೊಮ್ಮೆ ಬರಲಿಲ್ಲ.

ದೋಣಿಗಾರನನ್ನು ನೇಣಿನಿಂದ ಉಳಿಸಬೇಕೇ ಎಂಬ ಚರ್ಚೆ ನಡೆಯುವಾಗಲೂ ಬಾಯಿ ಬಿಡಲಿಲ್ಲ. ಮತ ಹಾಕುವಾಗ ಹೇಳಿದರಾಯಿತು ಎಂದುಕೊಂಡ.

ಗುಮಾಸ್ತ ಪಟ್ಟಿ ಎತ್ತಿಕೊಂಡಾಗ, ಪ್ರತಿಸಲವೂ ಮೊದಲು ಮತ ಹಾಕುತ್ತಿದ್ದ ಆಬಟ್ ಎಂಬ ಮುದುಕ ಎದ್ದು ನಿಂತ.

"ಯಾರ್ನಲ್ ಅವರೇ, ಇಷ್ಟು ವರ್ಷ ನಮ್ಮ ಕೈಲಿ ರುಚಿ ನೋಡಿಸಿ ನೀವು ಉಂಡಿರಿ. ಇವತ್ತು ಮೊದಲ ತುತ್ತು ನಿಮ್ಮದಾಗಲಿ."

ಸಭೆ ನಕ್ಕಿತು. ಅಧ್ಯಕ್ಷನೂ ನಕ್ಕು, ಪಟ್ಟಿಯನ್ನು ಕೆಳಗಿನಿಂದ ಕೂಗು ಎಂದ.

"ಯಾರ್ನಲ್."

ಅವನು ಎದ್ದ. ಎಲ್ಲರೂ ಅವನತ್ತಲೇ ತಿರುಗಿದ್ದರು. ಯಾರ ಮುಖದಲ್ಲೂ ಹೌದು ಇರಲಿಲ್ಲ, ಇಲ್ಲವೂ ಇರಲಿಲ್ಲ. ತಾನೊಬ್ಬನೇ ಹೌದು ಅಂದು, ಉಳಿದವರೆಲ್ಲ ಇಲ್ಲ ಅಂದುಬಿಟ್ಟರೆ? ಚರ್ಚಿನ ಮೆಟ್ಟಿಲು ಕಣ್ಣ ಮುಂದೆ ಬಂತು. ಆಗ ಅವನಿಗೊಂದು ನಿಯಮ ನೆನಪಾಯಿತು. ಬೇಕಾದವರು ತಮ್ಮ ಸರದಿಯನ್ನು ಮುಂದಕ್ಕೆ ಹಾಕಿ, ಕೊನೆಯಲ್ಲಿ ಹೇಳಬಹುದು.

"ಸದ್ಯಕ್ಕೆ ಬಿಡಿ," ಎಂದು ಕೂತ.

ಮುಂದಿನವನು ಅವನನ್ನೇ ನೋಡಿ "ಇಲ್ಲ" ಎಂದ. ಅದರ ಮುಂದಿನವನೂ ಹಾಗೇ ನೋಡಿದ, ಹಾಗೇ ಅಂದ. ಅಲ್ಲೊಂದು ಹೌದು ಬಂತು. ಯಾರ್ನಲ್ ಮೇಜಿನ ಅಂಚು ಹಿಡಿದುಕೊಂಡು ಇನ್ನೊಂದಕ್ಕೆ ಕಾದ. ಬಂದದ್ದೆಲ್ಲ ಇಲ್ಲ. ಆಬಟ್‌ನ ಹೆಸರು ಬರುವ ಎಷ್ಟೋ ಮೊದಲೇ ದೋಣಿಗಾರನ ಕುತ್ತಿಗೆಯ ಲೆಕ್ಕ ಮುಗಿದಿತ್ತು.

ಗುಮಾಸ್ತ ಯಾರ್ನಲ್‌ನ ಹೆಸರನ್ನು ಮತ್ತೆ ಕೂಗಿದ. ಈ ಸಲ ಅವನು ತಡಮಾಡದೆ ಎದ್ದ.

"ಹೌದು, ಉಳಿಸಬೇಕು. ಬೆಂಕಿ ಬಿದ್ದಾಗ ಅವನು ಆಚೆ ದಡದಲ್ಲಿದ್ದ. ಕಂಡವಳ ಬಾಯಿಂದಲೇ ನಾನು ಕೇಳಿದ್ದೇನೆ."

ಸಭೆ ಮುಗಿದ ಮೇಲೆ ಆಬಟ್ ಬಾಗಿಲಲ್ಲಿ ಅಡ್ಡ ನಿಂತ. "ಏನ್ರೀ ನೀವು? ಅವನ ವಕೀಲರೇ ಹಿಂದೆಗೆದರು ಅಂದಮೇಲೆ ಏನೋ ಇರಬೇಕು ಅಂತ ನಾವೆಲ್ಲ ಇಲ್ಲ ಅಂದೆವಲ್ಲ. ಬಾಯಲ್ಲಿ ಇದನ್ನು ಇಟ್ಟುಕೊಂಡು ಕೂತಿದ್ದಿರಾ?"

ಯಾರ್ನಲ್ ತಲೆ ತಗ್ಗಿಸಿ ಅವನ ಪಕ್ಕದಿಂದ ದಾಟಿಹೋದ.

ದೋಣಿಗಾರನನ್ನು ನೇಣಿಗೆ ಹಾಕಿದರು. ಯಾರ್ನಲ್‌ನ ಹೌದಿನಿಂದ ಯಾರಿಗೂ ಏನೂ ಕೆಟ್ಟಿರಲಿಲ್ಲವಾದ್ದರಿಂದ ಗಿರಣಿಯ ಯಜಮಾನನೂ ಮುನಿಯಲಿಲ್ಲ. ಯಾರ್ನಲ್ ಮೇಲ್ಮನೆಗೆ ಹೋದ, ಮುಪ್ಪಿನವರೆಗೂ ಅಲ್ಲೇ ಇದ್ದ. ಆ ಬಡವನ ಪರವಾಗಿ ಎದ್ದು ನಿಂತವರು ಇವರೇ ಎಂದು ಜನ ಅವನನ್ನು ತೋರಿಸುತ್ತಿದ್ದರು.

"ತಡವಾದರೂ ಅವನು ಹೇಳಿದ್ದು ಸತ್ಯವನ್ನೇ ಅಲ್ಲವೇ ಗುರುಗಳೇ?" ಎಂದ ಶಿಷ್ಯ.

"ಸತ್ಯವನ್ನೇ ಹೇಳಿದ, ಆದರೆ ಆ ಹೊತ್ತಿಗೆ ಅದರಿಂದ ಉಳಿಯಬಹುದಾಗಿದ್ದವನು ಯಾರ್ನಲ್ ಒಬ್ಬನೇ," ಎಂದರು ಗುರುಗಳು.