ತವರುಗುಂಡಿಯ ಮಡಿಲಕ್ಕಿ

ಹೊಳೆ ಸೊಂಟ ತಿರುಗಿಸಿದಂತೆ ತಿರುಗುವ ಕಡೆ ಒಂದು ಮಡು. ಮಡುವಿನ ದಡದಲ್ಲಿ ಕಲ್ಲಿನ ಮೆಟ್ಟಿಲು, ಮೇಲೊಂದು ಹುಲ್ಲುಮಾಡಿನ ಆಶ್ರಮ. ಅಲ್ಲಿದ್ದವಳು ಹೊನ್ನವ್ವ ಎಂಬ ವಿರಕ್ತೆ. ಅವಳಿಗೊಬ್ಬ ಶಿಷ್ಯ, ಮುದ್ದವೀರ.

ಆ ಮಡುವಿನ ಬಿಳಿಮೀನಿನ ತಳಿ ಬೇರೆ ಹೊಳೆಯಲ್ಲಿ ಇರಲಿಲ್ಲ. ಆಳುದ್ದದ ಮೈ, ಗೂನು ಬೆನ್ನು, ಕಾವಿ ಬಣ್ಣದ ರೆಕ್ಕೆ.

ಮುಂಗಾರಿನ ಹೊಸನೀರು ಇಳಿದ ದಿನ ಬಸುರಿ ಮೀನುಗಳು ಪಕ್ಕದ ಕಲ್ಲುಹಳ್ಳವನ್ನು ಹತ್ತುತ್ತಿದ್ದವು. ಹಿಂದೆ ಗಂಡುಗಳು. ಕಾಡಿನೊಳಗೆ, ಹಳ್ಳದ ತುದಿಯಲ್ಲಿ ಒಂದು ಗುಂಡಿ. ಅದರ ನುಣುಪು ಜಲ್ಲಿಯ ಮೇಲೆ ಮೊಟ್ಟೆಯಿಟ್ಟು ಇಳಿದು ಬರುತ್ತಿದ್ದವು. ಅದಕ್ಕೇ ಅದು ತವರುಗುಂಡಿ.

ಹೆರಿಗೆಗೆ ಹೊರಟ ಮಗಳಿಗೆ ಮಡಿಲು ತುಂಬುತ್ತಾರಲ್ಲ, ಹಾಗೆ ಆಶ್ರಮದವರು ಹಳ್ಳದ ಬಾಯಲ್ಲಿ ನಿಂತು ಮೀನಿಗೆ ಮಡಿಲಕ್ಕಿ ಹಾಕುವುದು ಪದ್ಧತಿ. ಅಕ್ಕಿ, ಬೆಲ್ಲದ ಚೂರು, ಒಂದು ಚಿಟಿಕೆ ಅರಿಶಿನ.

ಒಂದು ದಿನ ಹೊನ್ನವ್ವ ಕೋಲು ಹಿಡಿದು ದೇಶ ನೋಡಲು ಹೊರಟಳು.

"ಮಡು ನಿನ್ನ ಕೈಲಿದೆ" ಎಂದಳು. "ಮೀನಿಗೆ ಒಂದು ಹಿಡಿ ಅನ್ನ ಹಾಕು. ಹೊಸನೀರಿಗೆ ದಾರಿ ಬಿಡು. ಬೇರೇನೂ ಮಾಡಬೇಡ."

"ಬೇರೇನು ಮಾಡಲಿ ಅವ್ವ, ನನಗೆ ಬೇರೇನು ಬರುತ್ತೆ?"

"ಅದೇ ನನ್ನ ಭಯ ಕಣಪ್ಪ. ಕೈ ಸುಮ್ಮನಿರೋದು ನಿನಗೆ ಬರಲ್ಲ."

ಅವಳು ತಿರುಗಿ ಬರುವಾಗ ಮುದ್ದವೀರನ ಗಡ್ಡ ಅರ್ಧ ಬೆಳ್ಳಗಾಗಿತ್ತು.

ಅವನು ಓಡಿ ಹೋಗಿ ಕಾಲಿಗೆ ಬಿದ್ದ. ನೀರು ಕೊಡುವುದಕ್ಕೂ ಮೊದಲು ಅವಳ ಕೈಹಿಡಿದು ಮೆಟ್ಟಿಲಿಗೆ ಕರೆದುಕೊಂಡು ಹೋದ. ಒಂದು ಹಿಡಿ ಪುರಿ ಎಸೆದ.

ಮಡು ಕುದಿಯಿತು. ಮೀನಿನ ಮೇಲೆ ಮೀನು, ಬಾಯಿಯ ಮೇಲೆ ಬಾಯಿ. ಮೆಟ್ಟಿಲವರೆಗೆ ನೀರು ಎರಚಿತು.

ಹೊನ್ನವ್ವ ಬಗ್ಗಿ ನೋಡಿದಳು.

"ಚೆನ್ನಾಗಿ ಹೊಟ್ಟೆ ಬಂದಿದೆ."

"ಭಕ್ತರು ತುಂಬಾ ಬರ್ತಾರೆ ಅವ್ವ. ಪುರಿ ತರ್ತಾರೆ."

"ನಿನಗೂ ಬಂದಿದೆ."

ಅವನು ನಕ್ಕ. ಅವಳು ನಗಲಿಲ್ಲ.

"ಇವುಗಳ ರೆಕ್ಕೆ ಯಾಕೆ ನೀಲಿ?"

ಮುದ್ದವೀರ ಹೇಳಿದ. ಒಂದು ಬೇಸಿಗೆ ಹೊಳೆ ಬತ್ತಿತು. ಮೇಲಿನ ಹಳ್ಳಿಯವರು ಮದ್ದು ಸಿಡಿಸಿ ಮೀನು ಹಿಡಿದರು. ಬಂದ ಭಕ್ತರು ಪುರಿ ಎಸೆದು, ಏನೂ ಏಳದ ನೀರು ನೋಡಿ ಮುಖ ತಿರುಗಿಸಿದರು. ಅವನಿಗೆ ತಡೆಯಲಾಗಲಿಲ್ಲ. ಮರಿ ಸಾಕುವ ಕೇಂದ್ರವೊಂದಕ್ಕೆ ಹೋಗಿ ಕ್ಯಾನುಗಳಲ್ಲಿ ಮರಿ ತಂದು ಬಿಟ್ಟ. ಬೇರೆ ಹೊಳೆಯ ತಳಿಯಂತೆ. ಆದರೆ ಇದೂ ಬಿಳಿಮೀನೇ, ಬೇಗ ಬೆಳೆಯುತ್ತದೆ ಅಂದರಂತೆ.

"ಮಡು ಖಾಲಿಯಾಗಿತ್ತು ಅವ್ವ."

"ಖಾಲಿಯಾಗಿತ್ತೋ, ಕಡಿಮೆಯಾಗಿತ್ತೋ?"

ಅವನು ತಲೆ ತಗ್ಗಿಸಿದ.

"ಕಡಿಮೆಯಾಗಿತ್ತು."

"ಮಡಿಲಕ್ಕಿ ಹಾಕ್ತಿದ್ದೆಯಾ?"

"ಒಂದು ವರ್ಷವೂ ತಪ್ಪಿಸಿಲ್ಲ."

"ಯಾರು ತಗೊಂಡರು?"

ಮುದ್ದವೀರ ಪ್ರತಿ ಸಲ ಮಳೆಯಲ್ಲಿ ಬಾಯಿಗೆ ಬಂದ ಮಂತ್ರ ಹೇಳಿ, ಅಕ್ಕಿ ಸುರಿದು, ಒಳಗೆ ಓಡಿ ಬಂದು ಬೆಂಕಿಗೆ ಮೈ ಕಾಯಿಸುತ್ತಿದ್ದ. ಹಳ್ಳ ಹತ್ತಿ ನೋಡಿದವನಲ್ಲ.

ಆ ದಿನ ಹೊನ್ನವ್ವ ಊಟ ಮಾಡಲಿಲ್ಲ.

ಮಾರನೆಯ ಬೆಳಿಗ್ಗೆ ಮುದ್ದವೀರ ಬುಟ್ಟಿ ಹಿಡಿದು ನೀರಿಗಿಳಿದ.

"ತಪ್ಪು ಮಾಡಿದವನು ನಾನು, ತೆಗೆಯೋನೂ ನಾನೇ. ನೀಲಿ ರೆಕ್ಕೆಯವನ್ನೆಲ್ಲ ಹಿಡಿದು ಹೊರಗೆ ಹಾಕ್ತೀನಿ. ನಮ್ಮವು ಉಳಿಯಲಿ."

"ತೆಗೆ" ಎಂದು ಅವಳು ಮೆಟ್ಟಿಲ ಮೇಲೆ ಕೂತಳು.

ಬಲೆ ಬೇಕಾಗಲಿಲ್ಲ. ಪುರಿ ತೋರಿಸಿದರೆ ಬುಟ್ಟಿಗೇ ಬಂದು ಬೀಳುತ್ತಿದ್ದವು. ಒಂದು ನೀಲಿ, ಇನ್ನೊಂದು ನೀಲಿ. ಆಮೇಲೆ ಒಂದು ಮೀನು ಬಂತು. ರೆಕ್ಕೆಯ ಬುಡ ಕಾವಿ, ತುದಿ ನೀಲಿ. ಬೆನ್ನು ಗೂನೂ ಅಲ್ಲ, ನೇರವೂ ಅಲ್ಲ.

ಅವನು ಅದನ್ನು ಎರಡೂ ಕೈಯಲ್ಲಿ ಹಿಡಿದು ನಿಂತ. ಅದು ಬಾಯಿ ತೆರೆದು ಮುಚ್ಚುತ್ತಿತ್ತು.

"ಅವ್ವ, ಇದು ಯಾರದ್ದು?"

"ನಮ್ಮ ಮೀನಿನ ಮೊಮ್ಮಗು."

"ಹಾಗಾದರೆ ಉಳಿಸಲಾ?"

"ನೀನು ತಂದ ಮೀನಿನ ಮೊಮ್ಮಗುವೂ ಹೌದು."

"ಹಾಗಾದರೆ ತೆಗೆಯಲಾ?"

ಕೈಯಲ್ಲಿದ್ದ ಮೀನಿನ ಬಡಿತ ನಿಧಾನವಾಗುತ್ತಿತ್ತು. ಮುದ್ದವೀರ ಅದನ್ನು ನೀರಿಗೆ ಬಿಟ್ಟ. ಮತ್ತೆ ಬುಟ್ಟಿ ಮುಳುಗಿಸಿದ. ಮತ್ತೆ ಅಂಥದೇ. ಮಧ್ಯಾಹ್ನದ ಹೊತ್ತಿಗೆ ಬುಟ್ಟಿ ದಡಕ್ಕೆ ಎಸೆದು, ಸೊಂಟಮಟ್ಟದ ನೀರಿನಲ್ಲಿ ಸುಮ್ಮನೆ ನಿಂತುಬಿಟ್ಟ. ಮೀನುಗಳು ಪುರಿಗಾಗಿ ಅವನ ಬೆರಳು ಕಚ್ಚುತ್ತಿದ್ದವು.

"ಹೊಸನೀರು ಬರಲಿ" ಎಂದಳು ಹೊನ್ನವ್ವ. "ಯಾರು ಯಾರ ಮಕ್ಕಳು ಅಂತ ಹಳ್ಳ ಹೇಳುತ್ತೆ."

ಹೊಸನೀರು ಬಂತು. ಹೊಳೆ ಕೆಂಪಾಗಿ ಏರಿತು. ಮುದ್ದವೀರ ಮಡಿಲಕ್ಕಿಯನ್ನು ಪಂಚೆಯ ಸೆರಗಿಗೆ ಕಟ್ಟಿಕೊಂಡು ಹಳ್ಳದ ಬಾಯಿಗೆ ಹೋದ. ಗಂಟು ಬಿಚ್ಚಲು ಹೊರಟಾಗ ಹೊನ್ನವ್ವ ಅವನ ಕೈ ಹಿಡಿದಳು.

"ತಡಿ. ಯಾರಾದರೂ ಬರಲಿ."

ಹಳ್ಳದ ನೀರು ಬಂಡೆಯ ಮೇಲಿಂದ ಧೋ ಎಂದು ಸುರಿಯುತ್ತಿತ್ತು. ನೀಲಿ ರೆಕ್ಕೆಯವು ಮೆಟ್ಟಿಲ ಬಳಿಯಲ್ಲೇ ಇದ್ದವು. ಹಳ್ಳದ ಕಡೆ ತಿರುಗಿ ಸಹ ನೋಡಲಿಲ್ಲ.

ಬೆರಕೆಯವು ಒಂದಷ್ಟು ಬಂದವು. ಮೊದಲ ಬಂಡೆ ಹಾರಿದವು. ಮುದ್ದವೀರ ಬೆರಳು ತೋರಿಸಿದ.

"ಹತ್ತುತ್ತಿವೆ ಅವ್ವ."

"ನಡಿ, ನೋಡೋಣ."

ಇಬ್ಬರೂ ದಡದ ಕಲ್ಲು ಹಿಡಿದು ಹತ್ತಿದರು. ಅರ್ಧ ದಾರಿಯಲ್ಲಿ ಒಂದು ಹೊಂಡ. ಅಲ್ಲಿ ಹಳ್ಳ ಎರಡಾಗಿ ಇಳಿಯುತ್ತದೆ. ಬೆರಕೆ ಮೀನುಗಳು ಆ ಹೊಂಡದಲ್ಲಿ ಸುತ್ತಿದವು. ಏನನ್ನೋ ಮರೆತು ಕೋಣೆಗೆ ಬಂದವರ ಹಾಗೆ ಸುತ್ತಿದವು. ಆಮೇಲೆ ಒಂದೊಂದಾಗಿ ಕೆಳಗೆ ಇಳಿದು ಹೋದವು.

ಮುದ್ದವೀರ ಅಲ್ಲೇ ಕುಸಿದು ಕೂತ.

"ಏಳು" ಎಂದಳು. "ಇನ್ನೂ ದಾರಿ ಇದೆ."

ಆಗ ಅವರ ಕಾಲಬುಡದ ನೀರು ಸೀಳಿಕೊಂಡು ಒಂದು ಗೂನು ಬೆನ್ನು ಹೋಯಿತು. ಕಾವಿ ರೆಕ್ಕೆ. ಮುದಿ ಹೆಣ್ಣು, ಮೈತುಂಬ ಕಲ್ಲು ತರಚಿದ ಗಾಯ. ಹೊಂಡದಲ್ಲಿ ಅದು ನಿಲ್ಲಲಿಲ್ಲ. ಎಡದ ಸೀಳನ್ನು ಹಿಡಿದು ಹತ್ತಿತು.

ಅವರು ಏದುಸಿರು ಬಿಡುತ್ತ ಅದರ ಹಿಂದೆ ಹೋದರು.

ತವರುಗುಂಡಿಯ ನೀರು ತಿಳಿಯಾಗಿತ್ತು. ಮುದಿಮೀನು ಜಲ್ಲಿಯ ಮೇಲೆ ಬಾಲ ಬಡಿದು ಗುಳಿ ಮಾಡಿತು. ಅರಿಶಿನ ಬಣ್ಣದ ಮೊಟ್ಟೆಗಳು ಕಲ್ಲುಗಳ ಸಂದಿಗೆ ಇಳಿದವು. ಮೊಟ್ಟೆಯಿಟ್ಟು ಅದು ಅತ್ತಿತ್ತ ತಿರುಗಿತು. ಕಾಯಿತು.

"ಗಂಡು ಬರುತ್ತೆ ಅವ್ವ. ಹಿಂದೆ ಬೀಳ್ತಾವೆ ಗಂಡುಗಳು."

"ಕಾಯೋಣ."

ನೀರಿನ ಸದ್ದಿಗೆಲ್ಲ ಮುದ್ದವೀರ ತಿರುಗಿ ನೋಡಿದ. ಎಲೆ ಬಂತು, ಒಣಕಡ್ಡಿ ಬಂತು. ಸಂಜೆಯವರೆಗೂ ಬೇರಾರೂ ಬರಲಿಲ್ಲ.

ಮುದಿಮೀನು ಒಂದು ಸುತ್ತು ಹಾಕಿ, ಬಂದ ದಾರಿಯಲ್ಲೇ ಇಳಿದು ಹೋಯಿತು. ಗಂಡು ಸೋಕದ ಮೊಟ್ಟೆಗಳು ಕಲ್ಲಿನ ಸಂದಿಯಲ್ಲಿ ಒಂದೊಂದಾಗಿ ಬೆಳ್ಳಗೆ ಸತ್ತ ಬಣ್ಣಕ್ಕೆ ತಿರುಗುತ್ತಿದ್ದವು.

ಮುದ್ದವೀರ ಗುಂಡಿಯ ಅಂಚಿನಲ್ಲಿ ಮಂಡಿಯೂರಿದ.

"ಒಂದು ಗಂಡು ಹುಡುಕಿ ತರ್ತೀನಿ ಅವ್ವ. ಎಲ್ಲಿಂದಾದರೂ."

"ಎಲ್ಲಿಂದ?"

"ಬೇರೆ ಹೊಳೆ..." ಎಂದವನು ಅಲ್ಲೇ ನಿಲ್ಲಿಸಿದ.

ಮಳೆ ಶುರುವಾಯಿತು. ಹೊನ್ನವ್ವನ ಬಾಗಿದ ಬೆನ್ನಿನ ಮೇಲೆ ನೀರು ಹರಿಯುತ್ತಿತ್ತು. ಅವಳು ಬಯ್ಯಲೆಂದು ಅವನು ಕಾದ. ಅವಳು ಬಯ್ಯಲಿಲ್ಲ.

ಏಳುವಾಗ ಸೊಂಟದ ಗಂಟು ಅವನ ಕೈಗೆ ತಗಲಿತು. ಅಕ್ಕಿ ನೆನೆದು ಭಾರವಾಗಿತ್ತು. ಬೆಲ್ಲ ಕರಗಿ ಪಂಚೆಗೆ ಅಂಟಿತ್ತು.

"ಈ ಮಡಿಲಕ್ಕಿ ಏನು ಮಾಡಲಿ ಅವ್ವ?"

ಹೊನ್ನವ್ವ ಬಗ್ಗಿ, ಸಡಿಲಾಗಿದ್ದ ಆ ಗಂಟನ್ನು ಅವನ ಸೊಂಟಕ್ಕೇ ಬಿಗಿಯಾಗಿ ಕಟ್ಟಿದಳು.

"ನಿನಗೇ ಇರಲಿ. ಮುಂದಿನ ಹೊಸನೀರಿಗೆ ಆ ಮುದಿಮೀನೂ ಇರಲ್ಲ, ನಾನೂ ಇರಲ್ಲ. ಈ ದಾರಿ ಗೊತ್ತಿರುವುದು ನಿನಗೊಬ್ಬನಿಗೇ."