ದುಂಡವ್ವ ಕೇಳಿದ ಆಲೂಗಡ್ಡಿ

"ಆ ಸ್ಪೇನಿನ ಆಲೂಗಡ್ಡಿ ಮಾಡಿಕೊಡ್ರಿ. ಒಂದ ತಾಟು ಸಾಕು."

ಬಾಳಪ್ಪನಿಗೆ ಅವನ ಹೆಂಡತಿ ದುಂಡವ್ವ ಹೇಳಿದ ಕಡೆಯ ಮಾತು ಇದು.

ಡಾಕ್ಟರು ಖಾರ, ಎಣ್ಣೆ ಬೇಡವೆಂದಿದ್ದರು. ಅವನು ಗಂಜಿ ತಂದ. ಅವಳು ಮುಖ ತಿರುಗಿಸಿದಳು. ಹಾಗೇ ಹೋದಳು.

ಮಣ್ಣು ಮಾಡಿದ ಮೇಲೆ ಬಾಳಪ್ಪ ಹೊಳೆ ದಂಡೆಯ ಮಠಕ್ಕೆ ಬಂದ. ಅಲ್ಲಿಯ ಅಜ್ಜ ಅವನ ಗುರು. ಹಿಂದೊಮ್ಮೆ ಸ್ಪೇನ್ ದೇಶದ ಹೆಣ್ಣುಮಗಳೊಬ್ಬಳು ಆ ಮಠದಲ್ಲಿ ಉಳಿದಿದ್ದಳು. ಕರಿದ ಆಲೂಗಡ್ಡೆಯ ಮೇಲೆ ಕೆಂಪು ಖಾರದ ಗೊಜ್ಜು ಸುರಿಯುವುದನ್ನು ದುಂಡವ್ವ ಕಲಿತದ್ದು ಅವಳಿಂದಲೇ.

"ಅಜ್ಜಾರ, ಅಕಿ ಹೆಸರಿನಾಗ ಆಲೂಗಡ್ಡಿ ಬಿಡ್ತೀನಿ. ಸಾಯೂತನಕ ಮುಟ್ಟೂದಿಲ್ಲ. ನೀರು ಬಿಡಿಸ್ರಿ."

ಆ ಕಡೆ ಹಾಗೆ. ಸತ್ತವರಿಗೆ ಇಷ್ಟವಾದದ್ದನ್ನು ಉಳಿದವರು ಗುರುವಿನ ಎದುರು ನೀರು ಬಿಟ್ಟು ತೊರೆಯುತ್ತಾರೆ.

ಅಜ್ಜ ತಂಬಿಗೆ ಮುಟ್ಟಲಿಲ್ಲ.

"ದುಂಡವ್ವ ಬಿಡು ಅಂದ್ಲೋ, ಮಾಡು ಅಂದ್ಲೋ?"

"ಮಾಡು ಅಂದ್ಲ್ರಿ."

"ಆವತ್ತು ಅಕಿ ಜೀವಕ್ಕ ಹೆದರಿ ಮಾಡಲಿಲ್ಲ. ಇವತ್ತು ಯಾರಿಗೆ ಹೆದರ್ತಿ?"

"ನನಗ ಮಾಡಾಕ ಬರೂದಿಲ್ರಿ. ಅಕಿ ಮಾಡೂದು ನೋಡೀನಿ, ಅಷ್ಟ."

"ನೋಡಿದ್ದು ಸಾಕು. ಒಲಿ ಹಚ್ಚು."

ಬಾಳಪ್ಪ ಮಠದ ಅಡಿಗೆಮನೆಯಲ್ಲೇ ಆಲೂಗಡ್ಡೆ ಹೋಳು ಹೆಚ್ಚಿದ. ಒಂದು ದಪ್ಪ, ಒಂದು ಸಣ್ಣ. ಕೆಂಪಗೆ ಕರಿದ. ಬೆಳ್ಳುಳ್ಳಿ, ಖಾರದ ಪುಡಿ, ಚಿಟಿಕೆ ಗೋಧಿ ಹಿಟ್ಟು ಎಣ್ಣೆಯಲ್ಲಿ ಹುರಿದು, ಹುಣಸೆ ನೀರು ಹೊಯ್ದು ಕುದಿಸಿದ. ಅಡಿಗೆಮನೆ ತುಂಬ ಘಾಟು.

ಅಜ್ಜ ಮೊದಲ ಹೋಳು ಬಾಯಿಗಿಟ್ಟರು. ಕಣ್ಣು, ಮೂಗು ಎಲ್ಲ ಸೋರತೊಡಗಿತು.

"ಅಯ್ಯಯ್ಯೋ! ಇದನ್ನ ಹೆಂಗ ತಿಂತಿದ್ಲೋ ಮಾರಾಯ?"

"ಬೆರಳು ನೆಕ್ಕೋತ ತಿಂತಿದ್ಲ್ರಿ. ತನ್ನದು ಮುಗಿದಮ್ಯಾಲೆ ನನ್ನ ತಾಟಿಗೆ ಕೈ ಹಾಕತಿದ್ಲು. ಕೇಳಿದರ, ನಿಮಗ ಅಜೀರ್ಣ ಆಗತೈತಿ ಅಂತಿದ್ಲು!"

ಹೇಳುತ್ತ ಹೇಳುತ್ತ ಬಾಳಪ್ಪನಿಗೆ ನಗು ಬಂತು. ನಗು ನಿಲ್ಲಲಿಲ್ಲ. ಅದರ ಹಿಂದೆಯೇ ಅಳು ಬಂತು. ಸಾವಿನ ದಿನ ಬಾರದಿದ್ದ ಅಳು. ಅಜ್ಜ ತಡೆಯಲಿಲ್ಲ.

ಅತ್ತು ಮುಗಿದಾಗ ಮೈ ಹಗುರಾಗಿತ್ತು. ಹೊಟ್ಟೆ ಹಸಿದಿತ್ತು.

"ಇದು ಅಕಿಗೆ ಮುಟ್ಟತೈತೇನ್ರಿ, ಅಜ್ಜಾರ?"

ಅಜ್ಜ ತಾಟು ಅವನ ಕಡೆ ಸರಿಸಿದರು.

"ತಿನ್ನು. ಆರಿದರ ಮೆತ್ತಗಾಗ್ತಾವು."

ಬಾಳಪ್ಪ ತಿಂದ.

ಮರುದಿನ ಬೆಳಿಗ್ಗೆ ಅವನು ಆಲೂಗಡ್ಡೆ ಚೀಲ ಹೊತ್ತು ಮಠಕ್ಕೆ ಬಂದ. ಅಡಿಗೆಮನೆ ಕಟ್ಟೆಯ ಮೇಲೆ ಕೂತು ಸಿಪ್ಪೆ ಸುಲಿಯತೊಡಗಿದ. ಅಜ್ಜ ಬಾಗಿಲಲ್ಲಿ ನಿಂತರು.

"ಇವತ್ತು ಪಂಕ್ತಿಗೆಲ್ಲ ಬಡಸ್ತೀನ್ರಿ. ಖಾರ ಎಷ್ಟು ಹಾಕ್ಲಿ, ಅಜ್ಜಾರ?"

"ನನ್ನ ಯಾಕ ಕೇಳ್ತಿ? ಉಣ್ಣಾವರನ್ನ ಕೇಳು."